ಹೊಟ್ಟೆ ನನ್ನದು, ಸಹಿ ನಿನ್ನದೇಕೆ?

(ನರ್ಸಿಂಗ್ ವಿದ್ಯಾರ್ಥಿಗಳು ಮತ್ತು ಊರಿನ ಹಿರಿಯ ನಾಗರಿಕರು ಸೇರಿದ್ದ ಸಭೆಯೊಂದರಲ್ಲಿ ಮಾಡಿದ ಉಪನ್ಯಾಸವನ್ನು ಓದುವುದಕ್ಕೆ ಒಗ್ಗುವಂತೆ ಇಲ್ಲಿ ಬರೆದಿದ್ದೇನೆ.)

ಎಲ್ಲರಿಗೂ ನಮಸ್ಕಾರ. ಹಿಂದೆ ಗೋಡೆಗೆ ಒರಗಿ ನಿಂತಿರುವ ಮಕ್ಕಳು ದಯವಿಟ್ಟು ಮುಂದೆ ಬನ್ನಿ, ಇಲ್ಲಿ ಕುರ್ಚಿಗಳು ಖಾಲಿ ಇವೆ.

ವೈದ್ಯಕೀಯವನ್ನು ತಿದ್ದಿದ ಕೋರ್ಟ್ ತೀರ್ಪುಗಳ ಬಗ್ಗೆ ಮಾತನಾಡಬೇಕೆಂದು ನನ್ನನ್ನು ಕರೆದಿದ್ದೀರಿ. ವಕೀಲನಾದ್ದರಿಂದ ತೀರ್ಪು ಓದುವುದು ನನ್ನ ದಿನನಿತ್ಯದ ಕೆಲಸ. ಆದರೂ ಇವತ್ತು ನಮ್ಮ ಅಮ್ಮನಿಂದ ಶುರು ಮಾಡುತ್ತೇನೆ.

ಕೆಲವು ವರ್ಷಗಳ ಹಿಂದೆ ಅಮ್ಮನಿಗೆ ಪಿತ್ತಕೋಶದಲ್ಲಿ ಕಲ್ಲಾಗಿತ್ತು. ಶಸ್ತ್ರಚಿಕಿತ್ಸೆಯ ದಿನ ಬೆಳಿಗ್ಗೆ ವಾರ್ಡಿಗೆ ಒಬ್ಬ ಸಿಬ್ಬಂದಿ ಬಂದರು. ಕೈಯಲ್ಲಿ ರಟ್ಟಿನ ಪ್ಯಾಡು, ಅದಕ್ಕೆ ಸಿಕ್ಕಿಸಿದ ನಾಲ್ಕು ಹಾಳೆಗಳ ಇಂಗ್ಲಿಷ್ ಫಾರಂ. ಸಹಿ ಎಲ್ಲೆಲ್ಲಿ ಬೇಕೋ ಅಲ್ಲಲ್ಲಿ ಪೆನ್ಸಿಲ್ಲಿನಲ್ಲಿ ಗುರುತು ಹಾಕಿದ್ದರು. ಅಮ್ಮ ಮಂಚದ ಮೇಲೆ ಎದ್ದು ಕುಳಿತು, ಜಡೆ ಬಿಚ್ಚಿ ಮತ್ತೆ ಹೆಣೆದುಕೊಳ್ಳುತ್ತಿದ್ದರು. ಪ್ಯಾಡು ಅವರ ಮಂಡಿಯನ್ನು ದಾಟಿ ನನ್ನ ಕೈಗೆ ಬಂತು. ನಾನೂ ಯೋಚಿಸಲಿಲ್ಲ. ತೊಡೆಯ ಮೇಲಿಟ್ಟುಕೊಂಡು, ಗುರುತು ಹಾಕಿದ ಮೂರು ಕಡೆ ಸಹಿ ಮಾಡಿ ಕೊಟ್ಟುಬಿಟ್ಟೆ. ವಕೀಲನಾಗಿ ಕಕ್ಷಿದಾರರಿಗೆ 'ಓದದೆ ಸಹಿ ಮಾಡಬೇಡಿ' ಎಂದು ಹೇಳುತ್ತಾ ಬಂದವನು ನಾನು.

ಅಮ್ಮ ಜಡೆ ಹೆಣೆಯುವುದನ್ನು ನಿಲ್ಲಿಸಿ ಕೇಳಿದರು: "ಹೊಟ್ಟೆ ನನ್ನದು, ಸಹಿ ನಿನ್ನದೇಕೆ?"

ಅವರು ಮೂವತ್ತು ವರ್ಷ ಪ್ರಾಥಮಿಕ ಶಾಲೆಯಲ್ಲಿ ಪಾಠ ಹೇಳಿದವರು. ವಿದ್ಯುತ್ ಬಿಲ್ಲನ್ನೂ ಎರಡು ಸಲ ಓದಿಯೇ ಹಣ ಕೊಡುವವರು. ಅವರ ಪ್ರಶ್ನೆಗೆ ಆ ಸಿಬ್ಬಂದಿಯ ಬಳಿ ಉತ್ತರವಿರಲಿಲ್ಲ, ನನ್ನ ಬಳಿಯೂ ಇರಲಿಲ್ಲ. ಆಮೇಲೆ ಶಸ್ತ್ರಚಿಕಿತ್ಸೆ ಚೆನ್ನಾಗಿಯೇ ಆಯಿತು, ವೈದ್ಯರು ಒಳ್ಳೆಯವರೇ. ನನ್ನ ದೂರು ಅವರ ಕೈಚಳಕದ ಮೇಲಲ್ಲ. ಎಚ್ಚರವಾಗಿ, ಬುದ್ಧಿ ಸ್ವಾಧೀನದಲ್ಲಿ, ಎದುರಿಗೇ ಕುಳಿತಿದ್ದ ಮನುಷ್ಯರನ್ನು ಬಿಟ್ಟು ಪಕ್ಕದಲ್ಲಿದ್ದವರನ್ನು ಕೇಳಿದ್ದರ ಮೇಲೆ, ಮತ್ತು ಆ ಪಕ್ಕದವನು ನಾನಾಗಿದ್ದೆ ಎಂಬುದರ ಮೇಲೆ.

ಅಂದಿನಿಂದ ವೈದ್ಯಕೀಯ ಪ್ರಕರಣದ ಯಾವ ತೀರ್ಪು ಕೈಗೆ ಬಂದರೂ ನಾನು ಮೊದಲು ಹುಡುಕುವುದು ಒಂದೇ: ರೋಗಿಯನ್ನು ಯಾರಾದರೂ ಕೇಳಿದರೇ?

ಈ ಪ್ರಶ್ನೆಗೆ ನೂರು ವರ್ಷಕ್ಕೂ ಮೀರಿದ ಇತಿಹಾಸವಿದೆ. 1908ರ ಜನವರಿಯಲ್ಲಿ ನ್ಯೂಯಾರ್ಕ್ ನಗರದ ಒಂದು ಧರ್ಮಾರ್ಥ ಆಸ್ಪತ್ರೆಗೆ ಹೊಟ್ಟೆಯ ತೊಂದರೆಯೆಂದು ಮೇರಿ ಶ್ಲೋನ್‌ಡಾರ್ಫ್ ಎಂಬ ಮಹಿಳೆ ಸೇರಿದರು. ಕೆಲವು ವಾರಗಳ ನಂತರ ವೈದ್ಯರಿಗೆ ಒಂದು ಗಡ್ಡೆ ಕಂಡಿತು. ಈಥರ್ ಎಂಬ ಅರಿವಳಿಕೆ ಕೊಟ್ಟು ಪರೀಕ್ಷೆ ಮಾಡಬೇಕು ಎಂದರು. ಪರೀಕ್ಷೆಗೆ ಒಪ್ಪುತ್ತೇನೆ, ಶಸ್ತ್ರಚಿಕಿತ್ಸೆ ಮಾತ್ರ ಬೇಡ ಎಂದು ತಾನು ಸ್ಪಷ್ಟವಾಗಿ ಹೇಳಿದ್ದಾಗಿ ಆಕೆ ಕೋರ್ಟಿನಲ್ಲಿ ಸಾಕ್ಷ್ಯ ನುಡಿದರು. ಎಚ್ಚರವಾದಾಗ ಗಡ್ಡೆಯನ್ನು ತೆಗೆದಾಗಿತ್ತು. ಮುಂದೆ ಎಡಗೈಗೆ ಗ್ಯಾಂಗ್ರೀನ್, ಅಂದರೆ ಅಂಗ ಕೊಳೆಯುವ ರೋಗ, ತಗುಲಿ ಕೆಲವು ಬೆರಳುಗಳನ್ನು ಕತ್ತರಿಸಬೇಕಾಯಿತು.

1914ರಲ್ಲಿ ತೀರ್ಪು ಬರೆದವರು ನ್ಯಾಯಮೂರ್ತಿ ಬೆಂಜಮಿನ್ ಕಾರ್ಡೋಜೊ. ಪ್ರಾಯಕ್ಕೆ ಬಂದ, ಬುದ್ಧಿ ನೆಟ್ಟಗಿರುವ ಪ್ರತಿಯೊಬ್ಬ ಮನುಷ್ಯನಿಗೂ ತನ್ನ ದೇಹಕ್ಕೆ ಏನು ಮಾಡಬೇಕೆಂದು ನಿರ್ಧರಿಸುವ ಹಕ್ಕಿದೆ, ಒಪ್ಪಿಗೆಯಿಲ್ಲದೆ ಕತ್ತಿಯಿಡುವ ಸರ್ಜನ್ ಹಲ್ಲೆ ಮಾಡಿದಂತೆಯೇ ಸರಿ ಎಂಬ ಅರ್ಥದ ಮಾತನ್ನು ಅವರು ಬರೆದರು. ಜಗತ್ತಿನ ಅನೇಕ ಕಾನೂನು ಕಾಲೇಜುಗಳಲ್ಲಿ ಆ ಸಾಲನ್ನು ಇಂದಿಗೂ ಓದಿಸುತ್ತಾರೆ. ಆದರೆ ಆ ಮಹಿಳೆ ಮೊಕದ್ದಮೆಯನ್ನು ಸೋತರು. ಧರ್ಮಾರ್ಥ ಆಸ್ಪತ್ರೆಯ ಮೇಲೆ ವೈದ್ಯರ ತಪ್ಪಿನ ಹೊಣೆ ಹೊರಿಸಲಾಗದು ಎಂಬ ಅಂದಿನ ನಿಯಮ ಅಡ್ಡ ಬಂತು. ಹಕ್ಕು ಹುಟ್ಟಿದ್ದು ಅವರ ಪ್ರಕರಣದಲ್ಲಿ. ಆ ಹಕ್ಕು ಅವರ ಕೈಗೆ ಸಿಗಲಿಲ್ಲ.

ಈಗ ದೆಹಲಿಗೆ ಬನ್ನಿ. 1995ರ ಮೇ ತಿಂಗಳು, ಅಂದರೆ ನ್ಯೂಯಾರ್ಕಿನ ಘಟನೆ ನಡೆದು 87 ವರ್ಷಗಳಾದ ಮೇಲೆ. 44 ವರ್ಷದ ಅವಿವಾಹಿತ ಮಹಿಳೆಯೊಬ್ಬರು ಮುಟ್ಟಿನ ರಕ್ತಸ್ರಾವ ನಿಲ್ಲುತ್ತಿಲ್ಲವೆಂದು ಒಂದು ಕ್ಲಿನಿಕ್ಕಿಗೆ ಹೋದರು. ಅರಿವಳಿಕೆ ಕೊಟ್ಟು ಲ್ಯಾಪರೊಸ್ಕೋಪಿ, ಅಂದರೆ ಹೊಟ್ಟೆಯೊಳಗೆ ಸಣ್ಣ ಕ್ಯಾಮೆರಾ ಇಳಿಸಿ ನೋಡುವ ಪರೀಕ್ಷೆ, ಮಾಡೋಣ ಎಂದರು. ಮರುದಿನ ಆಕೆ ಅದಕ್ಕೆ ಸಹಿ ಹಾಕಿ ಒಳಗೆ ಹೋದರು. ಒಳಗೆ ಪರೀಕ್ಷೆ ನಡೆಯುತ್ತಿರುವಾಗ ಸಹಾಯಕ ವೈದ್ಯೆ ಹೊರಗೆ ಬಂದು, ಬಾಗಿಲ ಬಳಿ ಕಾಯುತ್ತಿದ್ದ ವಯಸ್ಸಾದ ತಾಯಿಯಿಂದ ಇನ್ನೊಂದು ಒಪ್ಪಿಗೆ ಪಡೆದರು. ಆಮೇಲೆ ಗರ್ಭಕೋಶ, ಎರಡೂ ಅಂಡಾಶಯ, ಅಂಡನಾಳಗಳು, ಎಲ್ಲವನ್ನೂ ತೆಗೆದುಹಾಕಲಾಯಿತು. ಅವರು ಅರಿವಳಿಕೆಯ ಮಂಪರಿನಲ್ಲಿದ್ದರು, ಅಷ್ಟೇ. ಕೆಲವು ಗಂಟೆ ಕಾದಿದ್ದರೆ ಅವರೇ ಎದ್ದು ಬೇಕು ಅಥವಾ ಬೇಡ ಎನ್ನಬಹುದಿತ್ತು.

ಸಮೀರಾ ಕೊಹ್ಲಿ ಪ್ರಕರಣವೆಂದು ಇದು ಪ್ರಸಿದ್ಧ. ರಾಷ್ಟ್ರೀಯ ಗ್ರಾಹಕ ಆಯೋಗ ದೂರನ್ನು ವಜಾ ಮಾಡಿತು. 2008ರ ಜನವರಿ 16ರಂದು ಸುಪ್ರೀಂ ಕೋರ್ಟ್ ಆ ಆದೇಶವನ್ನು ತಳ್ಳಿಹಾಕಿತು. ತೀರ್ಪು ಬರೆದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ನಮ್ಮ ಕರ್ನಾಟಕ ಹೈಕೋರ್ಟಿನಲ್ಲಿ ವಕೀಲರಾಗಿ, ನ್ಯಾಯಾಧೀಶರಾಗಿ ಕೆಲಸ ಮಾಡಿ ಹೋದವರು. ಪರೀಕ್ಷೆಗೆ ಕೊಟ್ಟ ಒಪ್ಪಿಗೆ ಶಸ್ತ್ರಚಿಕಿತ್ಸೆಗೆ ಕೊಟ್ಟ ಒಪ್ಪಿಗೆಯಲ್ಲ. ಒಂದು ಶಸ್ತ್ರಚಿಕಿತ್ಸೆಗೆ ಕೊಟ್ಟದ್ದು ಇನ್ನೊಂದಕ್ಕೆ ಸಲ್ಲುವುದಿಲ್ಲ. ಜೀವ ಉಳಿಸುವ ತುರ್ತು ಇದ್ದರೆ ಮಾತ್ರ ಅದಕ್ಕೆ ವಿನಾಯಿತಿ. ಪ್ರಾಯಕ್ಕೆ ಬಂದ ಮಗಳು ತಾತ್ಕಾಲಿಕವಾಗಿ ಪ್ರಜ್ಞೆ ತಪ್ಪಿದ್ದಾಳೆ ಎಂದ ಮಾತ್ರಕ್ಕೆ ತಾಯಿಯ ಸಹಿಗೆ ಬೆಲೆ ಬರುವುದಿಲ್ಲ. ಹೇಗೂ ಹೊಟ್ಟೆ ಕೊಯ್ದಾಗಿದೆ, ಇನ್ನೊಂದು ಸಲ ಕೊಯ್ಯುವ ನೋವು, ಖರ್ಚು ಉಳಿಯಲಿ ಎಂಬ ಒಳ್ಳೆಯ ಉದ್ದೇಶವೂ ಸಾಲದು. ಕೋರ್ಟ್ ಕೊಡಿಸಿದ ಪರಿಹಾರ 25,000 ರೂಪಾಯಿ. ವೈದ್ಯರಿಗೆ ಆ ಶಸ್ತ್ರಚಿಕಿತ್ಸೆಯ ಶುಲ್ಕವೂ ಇಲ್ಲವೆಂದಿತು.

ಪರಿಹಾರದ ಮೊತ್ತ ನನ್ನನ್ನು ಇವತ್ತಿಗೂ ಚುಚ್ಚುತ್ತದೆ. ಕೇಳಿದ್ದು 25 ಲಕ್ಷ, ಸಿಕ್ಕಿದ್ದು ಅದರ ನೂರನೇ ಒಂದು ಪಾಲು. ಆದರೂ ಈ ತೀರ್ಪು ದೇಶದ ಪ್ರತಿಯೊಂದು ಆಪರೇಷನ್ ಥಿಯೇಟರಿನ ಬಾಗಿಲಿಗೆ ಅಂಟಿಸಬೇಕಾದದ್ದು ಎಂದು ನಾನು ನಂಬಿದ್ದೇನೆ. ಕಲಬುರಗಿ ಜಿಲ್ಲೆಯಲ್ಲಿ ತಾಂಡಾಗಳ ಹೆಣ್ಣುಮಕ್ಕಳು, ದಲಿತ ಹೆಣ್ಣುಮಕ್ಕಳು ಸಣ್ಣ ವಯಸ್ಸಿಗೇ ಗರ್ಭಕೋಶ ಕಳೆದುಕೊಂಡು, ಏಕೆ ತೆಗೆದಿರಿ ಎಂದು ಬೀದಿಗಿಳಿದು ಕೇಳಿದ್ದು ನಿಮಗೆ ನೆನಪಿರಬಹುದು. ಹೊಟ್ಟೆನೋವು ಎಂದು ಹೋದರೆ 'ತೆಗೆಯದಿದ್ದರೆ ಕ್ಯಾನ್ಸರ್ ಆಗುತ್ತದೆ' ಎಂದು ಹೆದರಿಸಿ ಹೆಬ್ಬೆಟ್ಟು ಒತ್ತಿಸಿಕೊಂಡದ್ದನ್ನು ಒಪ್ಪಿಗೆ ಎಂದು ಕರೆಯಲಾಗದು. ಬಿಹಾರ, ಛತ್ತೀಸ್‌ಗಢ, ರಾಜಸ್ಥಾನಗಳಿಂದಲೂ ಇಂಥ ದೂರುಗಳು ಸುಪ್ರೀಂ ಕೋರ್ಟಿಗೆ ಹೋದವು. 2023ರ ಏಪ್ರಿಲ್‌ನಲ್ಲಿ, ಅನಗತ್ಯವಾಗಿ ಗರ್ಭಕೋಶ ತೆಗೆಯುವುದನ್ನು ತಡೆಯುವ ಮಾರ್ಗಸೂಚಿಯನ್ನು ರಾಜ್ಯಗಳು ಮೂರು ತಿಂಗಳಲ್ಲಿ ಜಾರಿಗೆ ತರಬೇಕೆಂದು ಅದು ಆದೇಶಿಸಿತು.

ಕೊಹ್ಲಿ ತೀರ್ಪಿನಲ್ಲಿ ಒಂದು ವಿಷಯಕ್ಕೆ ನನ್ನ ತಕರಾರಿದೆ. ರೋಗಿಗೆ ಎಷ್ಟು ಹೇಳಬೇಕು? ಇದನ್ನು ಅಳೆಯುವುದಕ್ಕೆ ಎರಡು ಮಾಪನಗಳಿವೆ. ವೈದ್ಯರು ಸಾಮಾನ್ಯವಾಗಿ ಎಷ್ಟು ಹೇಳುತ್ತಾರೋ ಅಷ್ಟು ಸಾಕು ಎನ್ನುವುದು ಒಂದು. ಇದರ ಬೇರು ಇಂಗ್ಲೆಂಡಿನ 1957ರ ಬೋಲಮ್ ಪ್ರಕರಣದಲ್ಲಿದೆ. ಮಾನಸಿಕ ಚಿಕಿತ್ಸೆಗೆಂದು ವಿದ್ಯುತ್ ಆಘಾತ ಕೊಡುವಾಗ, ಸ್ನಾಯುಗಳನ್ನು ಸಡಿಲಿಸುವ ಔಷಧ ಕೊಡದೆ, ರೋಗಿಯ ಸೊಂಟದ ಮೂಳೆಗಳು ಮುರಿದವು. ಜವಾಬ್ದಾರಿಯುತ ವೈದ್ಯರ ಒಂದು ಗುಂಪು ಹಾಗೆಯೇ ಮಾಡುತ್ತಿತ್ತಾದ್ದರಿಂದ ತಪ್ಪಿಲ್ಲ ಎಂದಾಯಿತು. ಇನ್ನೊಂದು ಮಾಪನವೆಂದರೆ, ಈ ರೋಗಿಯ ಜಾಗದಲ್ಲಿರುವ ವಿವೇಕವುಳ್ಳ ಮನುಷ್ಯನಿಗೆ ಏನು ತಿಳಿಯಬೇಕೆನಿಸುತ್ತದೆಯೋ ಅದನ್ನು ಹೇಳಬೇಕು ಎನ್ನುವುದು. ನಮ್ಮ ಕೋರ್ಟ್ 2008ರಲ್ಲಿ ಹೆಚ್ಚು ಕಡಿಮೆ ಮೊದಲನೆಯದನ್ನು ಆರಿಸಿಕೊಂಡಿತು. ನಮ್ಮ ಜನರಲ್ಲಿ ಬಡತನವಿದೆ, ಓದು ಕಡಿಮೆ, ವೈದ್ಯರ ಮೇಲೆ ಇನ್ನೂ ನಂಬಿಕೆ ಇದೆ ಎಂಬುದು ಅದರ ವಾದದ ಧಾಟಿ.

ಇದನ್ನು ನಾನು ಒಪ್ಪುವುದಿಲ್ಲ. ಓದು ಬಾರದವರಿಗೆ ಬಾಯಿಮಾತಿನಲ್ಲಿ ಹೇಳಬಹುದಲ್ಲವೇ? ಎಮ್ಮೆ ಕೊಳ್ಳುವಾಗ ಹಲ್ಲು, ಕೆಚ್ಚಲು, ಸುಳಿ ನೋಡಿ ನೂರು ಪ್ರಶ್ನೆ ಕೇಳುವ ಹೆಂಗಸಿಗೆ ತನ್ನ ಹೊಟ್ಟೆಯೊಳಗಿನ ವಿಷಯ ಅರ್ಥವಾಗುವುದಿಲ್ಲವೆಂದು ನಾವು ಹೇಗೆ ತೀರ್ಮಾನಿಸಿದೆವು? ಆ ಮೊದಲನೆಯ ಮಾಪನವನ್ನು ಕೊಟ್ಟ ಬ್ರಿಟನ್ನೇ, ರೋಗಿಗೆ ಎಷ್ಟು ಹೇಳಬೇಕೆಂಬ ವಿಷಯದಲ್ಲಿ 2015ರಲ್ಲಿ ಅದನ್ನು ಕೈಬಿಟ್ಟಿತು. ಸ್ಕಾಟ್ಲೆಂಡಿನ ಮಾಂಟ್‌ಗೊಮರಿ ಪ್ರಕರಣ ಅದು. ಮಧುಮೇಹವಿದ್ದ, ಗಿಡ್ಡ ಮೈಕಟ್ಟಿನ ಗರ್ಭಿಣಿ. ಮಗು ದೊಡ್ಡದಿದೆ, ಹೆರಿಗೆ ಹೇಗಾದೀತೋ ಎಂದು ಆಕೆ ಮತ್ತೆ ಮತ್ತೆ ಆತಂಕ ಹೇಳಿಕೊಂಡಿದ್ದರು. ಮಗುವಿನ ಭುಜ ಸಿಕ್ಕಿಕೊಳ್ಳುವ ಸಾಧ್ಯತೆ ನೂರಕ್ಕೆ ಒಂಬತ್ತು ಹತ್ತರಷ್ಟಿತ್ತು. ವೈದ್ಯೆ ಅದನ್ನು ಹೇಳಲಿಲ್ಲ. ಹೇಳಿದರೆ ಎಲ್ಲರೂ ಸಿಸೇರಿಯನ್ನೇ ಕೇಳುತ್ತಾರೆ ಎಂಬುದು ಅವರ ಕಾರಣ. 1999ರಲ್ಲಿ ಭುಜ ಸಿಕ್ಕಿಕೊಂಡೇ ಮಗು ಹುಟ್ಟಿತು, ಆಮ್ಲಜನಕ ಸಾಲದೆ ಮಿದುಳಿಗೆ ಶಾಶ್ವತ ಪೆಟ್ಟಾಯಿತು. ಹೇಳಿದರೆ ಕೇಳಿಬಿಡುತ್ತಾರೆ ಎಂಬ ಕಾರಣಕ್ಕೇ ಹೇಳದಿರುವುದು! ಕೇಳುತ್ತಾರೆಂದರೆ ಅದು ಅವರಿಗೆ ಬೇಕಾದ ಮಾಹಿತಿ ಎಂದೇ ಅರ್ಥವಲ್ಲವೇ?

ನರ್ಸಿಂಗ್ ಓದುತ್ತಿರುವವರಿಗಾಗಿ ಮೂರು ತೀರ್ಪುಗಳನ್ನು ಬೇಗ ಹೇಳಿಬಿಡುತ್ತೇನೆ. ಇವು ನಿಮ್ಮ ಕೆಲಸಕ್ಕೆ ನೇರವಾಗಿ ಬರುತ್ತವೆ. 1989ರ ಪರಮಾನಂದ ಕಟಾರಾ ತೀರ್ಪು: ಕಾರು ಬಡಿದು ಬಿದ್ದಿದ್ದ ಸ್ಕೂಟರ್ ಸವಾರನನ್ನು, ಇದು ಪೊಲೀಸ್ ಕೇಸು, ನಮ್ಮಲ್ಲಾಗದು ಎಂದು ಆಸ್ಪತ್ರೆಯವರು ಸುಮಾರು 20 ಕಿಲೋಮೀಟರ್ ದೂರದ ಇನ್ನೊಂದಕ್ಕೆ ಕಳಿಸಿದರು; ದಾರಿಯಲ್ಲಿ ಜೀವ ಹೋಯಿತು. ಮೊದಲು ಜೀವ, ಆಮೇಲೆ ಪೊಲೀಸು, ಪಂಚನಾಮೆ. ಸರ್ಕಾರಿ ಇರಲಿ ಖಾಸಗಿ ಇರಲಿ ಯಾವ ವೈದ್ಯರೂ ಗಾಯಾಳುವನ್ನು ತಿರುಗಿಸಿ ಕಳಿಸುವಂತಿಲ್ಲ ಎಂದು ಕೋರ್ಟ್ ಹೇಳಿತು. 1995ರ ವಿ.ಪಿ. ಶಾಂತಾ ತೀರ್ಪಿನಿಂದ ಹಣ ಪಡೆದು ಕೊಡುವ ಚಿಕಿತ್ಸೆ ಗ್ರಾಹಕ ಕಾಯ್ದೆಯ ವ್ಯಾಪ್ತಿಗೆ ಬಂತು. ಎಲ್ಲರಿಗೂ ಉಚಿತವಾಗಿ ನೋಡುವ ಆಸ್ಪತ್ರೆ ಅದರಿಂದ ಹೊರಗೆ ಉಳಿಯಿತು. 2005ರ ಜೇಕಬ್ ಮ್ಯಾಥ್ಯೂ ಪ್ರಕರಣ ಇನ್ನೊಂದು ತುದಿ. ಲೂಧಿಯಾನದಲ್ಲಿ ಉಸಿರಿಗೆ ಒದ್ದಾಡುತ್ತಿದ್ದ ವೃದ್ಧರಿಗೆ ತಂದು ಜೋಡಿಸಿದ ಆಮ್ಲಜನಕದ ಸಿಲಿಂಡರ್ ಖಾಲಿಯಾಗಿತ್ತು. ಕುಟುಂಬದವರು ಇನ್ನೊಂದನ್ನು ತರುವಷ್ಟರಲ್ಲಿ ಜೀವ ಹೋಗಿತ್ತು. ಕೋರ್ಟ್ ವೈದ್ಯರ ಮೇಲಿನ ಕ್ರಿಮಿನಲ್ ಮೊಕದ್ದಮೆಯನ್ನು ರದ್ದು ಮಾಡಿತು. ವೈದ್ಯರನ್ನು ಜೈಲಿಗೆ ಕಳಿಸುವುದಕ್ಕೆ ಸಾಮಾನ್ಯ ಅಜಾಗರೂಕತೆ ಸಾಲದು, ಘೋರ ನಿರ್ಲಕ್ಷ್ಯವೇ ಇರಬೇಕು. ಪೊಲೀಸರು ಬೇರೆ ವೈದ್ಯರ ಅಭಿಪ್ರಾಯ ಪಡೆಯದೆ ಮುಂದುವರಿಯಬಾರದು ಎಂದಿತು. ಈ ನಿಯಮ ಸರಿಯಾದದ್ದೇ. ಪ್ರತಿ ಸಾವಿಗೂ ಕೈಕೋಳ ಎಂದಾದರೆ ಕಷ್ಟದ ರೋಗಿಯನ್ನು ಯಾರೂ ಮುಟ್ಟುವುದಿಲ್ಲ. ಆದರೆ ಮಕ್ಕಳೇ, ಆ ಖಾಲಿ ಸಿಲಿಂಡರನ್ನು ಮರೆಯಬೇಡಿ. ಡ್ಯೂಟಿಗೆ ಬಂದ ತಕ್ಷಣ ಸಿಲಿಂಡರಿನ ಮಾಪಕದ ಮುಳ್ಳು ಎಲ್ಲಿದೆಯೆಂದು ನೋಡಿ.

ಮತ್ತೆ ನನ್ನ ಪ್ರಶ್ನೆಗೆ ಬರುತ್ತೇನೆ. 2009ರಲ್ಲಿ ಚಂಡೀಗಢದಿಂದ ಒಂದು ಪ್ರಕರಣ ಬಂತು. ಬುದ್ಧಿಶಕ್ತಿಯಲ್ಲಿ ಸ್ವಲ್ಪ ಹಿಂದುಳಿದಿದ್ದ ಅನಾಥ ಯುವತಿ. ಸರ್ಕಾರವೇ ನಡೆಸುವ ಆಶ್ರಯಧಾಮದಲ್ಲಿದ್ದಾಗ ಆಕೆಯ ಮೇಲೆ ಅತ್ಯಾಚಾರವಾಗಿ ಗರ್ಭ ನಿಂತಿತು. ಗರ್ಭಪಾತ ಮಾಡಿಸಬೇಕೆಂದು ಆಡಳಿತ ಹೈಕೋರ್ಟಿಗೆ ಹೋಯಿತು, ಹೈಕೋರ್ಟ್ ಅನುಮತಿ ಕೊಟ್ಟಿತು. ಎಲ್ಲರೂ ಅವಳ ಒಳಿತನ್ನೇ ಬಯಸಿದ್ದರು. ಆದರೆ ತಜ್ಞರ ಸಮಿತಿ ಅವಳ ಜೊತೆ ಕುಳಿತು ಮಾತನಾಡಿದಾಗ ಅವಳು ಹೇಳಿದ್ದು ತನಗೆ ಮಗು ಬೇಕು ಎಂದು. ಸುಪ್ರೀಂ ಕೋರ್ಟ್ ಅವಳ ಮಾತನ್ನು ಎತ್ತಿಹಿಡಿಯಿತು. ಹೆರುವುದೂ ಹೆರದಿರುವುದೂ ಅವಳ ವೈಯಕ್ತಿಕ ಸ್ವಾತಂತ್ರ್ಯಕ್ಕೆ ಸೇರಿದ್ದು ಎಂದಿತು. ನನಗೆ ಗೊತ್ತಿರುವ ತೀರ್ಪುಗಳಲ್ಲಿ ಇದರಷ್ಟು ಮೃದುವಾಗಿ, ಗಟ್ಟಿಯಾಗಿ ಒಬ್ಬ ಅಸಹಾಯಕ ಹೆಣ್ಣಿನ ಮಾತಿಗೆ ಕಿವಿಗೊಟ್ಟದ್ದು ಇನ್ನೊಂದಿಲ್ಲ.

ಕೇಳಿಯೂ ಕಿವಿಗೆ ಹಾಕಿಕೊಳ್ಳದ ಕಥೆ ಬೆಳಗಾವಿಯ ಹುಡುಗಿಯದು. ದಂತವೈದ್ಯೆ ಸವಿತಾ ಹಾಲಪ್ಪನವರ್, 31 ವರ್ಷ, ಐರ್ಲೆಂಡಿನ ಗಾಲ್ವೇ ನಗರದಲ್ಲಿ ಗಂಡನೊಂದಿಗೆ ಇದ್ದರು. 2012ರ ಅಕ್ಟೋಬರ್ 21ರಂದು, 17 ವಾರದ ಗರ್ಭಿಣಿಯಾಗಿದ್ದಾಗ, ಬೆನ್ನುನೋವೆಂದು ಆಸ್ಪತ್ರೆಗೆ ಹೋದರು. ಗರ್ಭ ಉಳಿಯುವುದಿಲ್ಲವೆಂದು ಗೊತ್ತಾಯಿತು. ಹಾಗಾದರೆ ತೆಗೆದುಬಿಡಿ ಎಂದು ಸವಿತಾ ಕೇಳಿದರು. ಭ್ರೂಣದ ಎದೆಬಡಿತ ಇನ್ನೂ ಇದೆ, ಆಗದು ಎಂದರು. ಇದು ಕ್ಯಾಥೊಲಿಕ್ ದೇಶ ಎಂದು ತಾನು ಹೇಳಿದ್ದನ್ನು ಅಲ್ಲಿನ ಸೂಲಗಿತ್ತಿಯೊಬ್ಬರು ಮುಂದೆ ವಿಚಾರಣೆಯಲ್ಲಿ ಒಪ್ಪಿಕೊಂಡರು. ನಂಜು ಮೈಯೆಲ್ಲ ಹರಡಿ ಅಕ್ಟೋಬರ್ 28ರಂದು ಸವಿತಾ ತೀರಿಕೊಂಡರು. ನಂಜನ್ನು ಸಕಾಲದಲ್ಲಿ ಗುರುತಿಸದ ಲೋಪವೂ ಅಲ್ಲಿ ನಡೆದಿತ್ತೆಂದು ತನಿಖೆಗಳು ಹೇಳಿದವು.

ಇಲ್ಲಿ ಕೋರ್ಟಿನ ಪಾತ್ರವೇನು? ಐರ್ಲೆಂಡಿನ ಸಂವಿಧಾನಕ್ಕೆ 1983ರಲ್ಲಿ ಸೇರಿಸಿದ ಎಂಟನೇ ತಿದ್ದುಪಡಿ ತಾಯಿ ಮತ್ತು ಭ್ರೂಣದ ಜೀವಗಳಿಗೆ ಸಮಾನ ಹಕ್ಕು ಕೊಟ್ಟಿತ್ತು. 1992ರಲ್ಲಿ 14 ವರ್ಷದ ಬಾಲಕಿಯ ಪ್ರಕರಣದಲ್ಲಿ, ತಾಯಿಯ ಜೀವಕ್ಕೆ ನಿಜವಾದ ಅಪಾಯವಿದ್ದರೆ ಗರ್ಭಪಾತ ಮಾಡಬಹುದು ಎಂದು ಅಲ್ಲಿನ ಸುಪ್ರೀಂ ಕೋರ್ಟೇ ಹೇಳಿತ್ತು. ಆದರೆ ಅಪಾಯ ಎಂದರೆ ಎಷ್ಟು ಅಪಾಯ, ಯಾರು ನಿರ್ಧರಿಸಬೇಕು ಎಂದು ಕಾನೂನು ಬರೆಯುವ ಧೈರ್ಯವನ್ನು ಇಪ್ಪತ್ತು ವರ್ಷ ಯಾವ ಸರ್ಕಾರವೂ ಮಾಡಲಿಲ್ಲ. ತೀರ್ಪು ಪುಸ್ತಕದಲ್ಲಿತ್ತು, ವಾರ್ಡಿಗೆ ಬಂದಿರಲಿಲ್ಲ. ಆ ಖಾಲಿ ಜಾಗದಲ್ಲಿ ಸಿಕ್ಕಿ ಬೆಳಗಾವಿಯ ಮಗಳು ಸತ್ತಳು. ಮರುವರ್ಷ, 2013ರಲ್ಲಿ, ಕಾನೂನು ಬಂತು. 2018ರ ಮೇ 25ರಂದು ನಡೆದ ಜನಮತಗಣನೆಯಲ್ಲಿ ಶೇಕಡಾ 66.4ರಷ್ಟು ಜನ ಆ ಎಂಟನೇ ತಿದ್ದುಪಡಿಯನ್ನು ತೆಗೆದುಹಾಕುವ ಪರವಾಗಿ ಮತ ಹಾಕಿದರು. ಡಬ್ಲಿನ್ನಿನ ಗೋಡೆಯೊಂದರ ಮೇಲೆ ಬಿಡಿಸಿದ್ದ ಸವಿತಾ ಚಿತ್ರದ ಸುತ್ತ ಜನ ಚೀಟಿಗಳನ್ನು ಅಂಟಿಸಿ ಹೋದರು. ಗುರುತು ಪರಿಚಯವಿಲ್ಲದ ಒಬ್ಬ ಕನ್ನಡನಾಡಿನ ಹೆಣ್ಣುಮಗಳ ಎದುರು ಒಂದು ದೇಶ ಕ್ಷಮೆ ಕೇಳಿದ್ದನ್ನು ಚಿತ್ರಗಳಲ್ಲಿ ನೋಡಿದಾಗ ನನ್ನ ಕಣ್ಣು ತುಂಬಿತ್ತು.

ಇನ್ನೊಬ್ಬ ಹೆಣ್ಣುಮಗಳೂ ನಮ್ಮ ನಾಡಿನವರೇ. ಹೊನ್ನಾವರ ತಾಲ್ಲೂಕಿನ ಹಳದಿಪುರದಿಂದ ಮುಂಬಯಿಗೆ ನರ್ಸಿಂಗ್ ಮಾಡಲು ಹೋದ ಅರುಣಾ ಶಾನಭಾಗ. ಇಲ್ಲಿರುವ ವಿದ್ಯಾರ್ಥಿನಿಯರಿಗಿಂತ ಕೆಲವೇ ವರ್ಷ ದೊಡ್ಡವರು, 25ರ ಪ್ರಾಯ. ಕೆಇಎಂ ಆಸ್ಪತ್ರೆಯ ನಾಯಿಗಳ ಮೇಲೆ ಪ್ರಯೋಗ ನಡೆಯುವ ವಿಭಾಗದಲ್ಲಿ ಕೆಲಸ. ಅದೇ ಆಸ್ಪತ್ರೆಯ ವೈದ್ಯರೊಬ್ಬರ ಜೊತೆ ಮದುವೆ ನಿಶ್ಚಯವಾಗಿತ್ತು. 1973ರ ನವೆಂಬರ್ 27ರ ಸಂಜೆ ಡ್ಯೂಟಿ ಮುಗಿಸಿ ಬಟ್ಟೆ ಬದಲಿಸುತ್ತಿದ್ದಾಗ ಅದೇ ಆಸ್ಪತ್ರೆಯ ನೌಕರನೊಬ್ಬ ನಾಯಿಯ ಸರಪಣಿಯನ್ನು ಅವರ ಕುತ್ತಿಗೆಗೆ ಬಿಗಿದು ದೌರ್ಜನ್ಯವೆಸಗಿದ. ಮಿದುಳಿಗೆ ರಕ್ತ ಹೋಗಲಿಲ್ಲ. ಮರುದಿನ ಬೆಳಿಗ್ಗೆ ಕಸ ಗುಡಿಸುವವರು ಅವರನ್ನು ಕಂಡರು. ಆಮೇಲೆ ಅವರು ಬದುಕಿದ್ದು ಸುಮಾರು 42 ವರ್ಷ, ಅದೇ ಆಸ್ಪತ್ರೆಯ ನಾಲ್ಕನೇ ವಾರ್ಡಿನ ಪಕ್ಕದ ಕೋಣೆಯಲ್ಲಿ, ಮಾತಿಲ್ಲದೆ. ಅಪರಾಧಿಗೆ ಶಿಕ್ಷೆಯಾದದ್ದು ದರೋಡೆ ಮತ್ತು ಕೊಲೆ ಯತ್ನಕ್ಕೆ, ಏಳು ವರ್ಷ. ಅತ್ಯಾಚಾರದ ಆರೋಪವೇ ಅದರಲ್ಲಿರಲಿಲ್ಲ.

ಆ 42 ವರ್ಷ ಅವರನ್ನು ನೋಡಿಕೊಂಡವರು ನರ್ಸುಗಳು. ಒಂದು ತಂಡ ನಿವೃತ್ತಿಯಾಗುತ್ತಿತ್ತು, ಹೊಸಬರು ಬರುತ್ತಿದ್ದರು, ಅರುಣಾ ಅವರನ್ನು ತೊಳೆಯುವುದು, ಹೊರಳಿಸುವುದು, ಉಣ್ಣಿಸುವುದು ಕೈಯಿಂದ ಕೈಗೆ ದಾಟುತ್ತಿತ್ತು. ದಶಕಗಳ ಕಾಲ ಮಲಗಿದಲ್ಲೇ ಇದ್ದ ದೇಹಕ್ಕೆ ಹಾಸಿಗೆ ಹುಣ್ಣಾಗದಂತೆ ಕಾಪಾಡುವುದೆಂದರೇನು ಎಂದು ನಿಮ್ಮಷ್ಟು ಚೆನ್ನಾಗಿ ನಾನು ಹೇಳಲಾರೆ. ಮೀನು, ಕೋಳಿ ಸೂಪು ಕೊಟ್ಟರೆ ಮುಖದಲ್ಲಿ ನಗು ಕಾಣುತ್ತದೆ ಎಂದು ಆಸ್ಪತ್ರೆ ಕೋರ್ಟಿಗೆ ತಿಳಿಸಿತ್ತು. ಎಲ್ಲ ಮರೆತುಹೋದ ಮೇಲೂ ಹೊನ್ನಾವರದ ಕಡಲಿನ ರುಚಿ ನಾಲಿಗೆಯಲ್ಲಿ ಉಳಿದಿತ್ತೋ ಏನೋ.

2009ರಲ್ಲಿ ಪತ್ರಕರ್ತೆ ಪಿಂಕಿ ವಿರಾನಿ, ಅರುಣಾ ಅವರ ಪರವಾಗಿ ಸುಪ್ರೀಂ ಕೋರ್ಟಿಗೆ ಹೋದರು: ಇದು ಬದುಕಲ್ಲ, ಆಹಾರ ಕೊಡುವುದನ್ನು ನಿಲ್ಲಿಸಲು ಅನುಮತಿ ಕೊಡಿ. ನರ್ಸುಗಳು ಎದುರು ನಿಂತರು: ಇವರು ನಮ್ಮವರು, ಕೊನೆಯ ತನಕ ನಾವು ನೋಡಿಕೊಳ್ಳುತ್ತೇವೆ. ಕೋರ್ಟ್ ಮೂವರು ತಜ್ಞ ವೈದ್ಯರನ್ನು ಕಳಿಸಿ ಪರೀಕ್ಷೆ ಮಾಡಿಸಿತು; ಅರುಣಾ ಅವರ ವಿಡಿಯೊವನ್ನು ನ್ಯಾಯಾಲಯದ ಸಭಾಂಗಣದಲ್ಲೇ ಹಾಕಿ ನೋಡಿತು. 2011ರ ಮಾರ್ಚ್ 7ರಂದು ನ್ಯಾಯಮೂರ್ತಿಗಳಾದ ಮಾರ್ಕಂಡೇಯ ಕಾಟ್ಜು ಮತ್ತು ಜ್ಞಾನ ಸುಧಾ ಮಿಶ್ರಾ ತೀರ್ಪು ಕೊಟ್ಟರು. ಅರ್ಜಿ ವಜಾ. ಅರುಣಾ ಅವರ ಪರವಾಗಿ ಮಾತನಾಡುವ ಹಕ್ಕು, ಹಗಲೂ ರಾತ್ರಿ ಅವರ ಮೈ ಒರೆಸಿದ ಆಸ್ಪತ್ರೆಯ ಸಿಬ್ಬಂದಿಯದು ಎಂದರು. ಆದರೆ ಅದೇ ತೀರ್ಪಿನಲ್ಲಿ, ಚೇತರಿಕೆಯ ಆಸೆಯೇ ಇಲ್ಲದ ರೋಗಿಗೆ ಕೃತಕವಾಗಿ ಜೀವ ಹಿಡಿದಿಡುವುದನ್ನು ಹೈಕೋರ್ಟಿನ ಅನುಮತಿ ಪಡೆದು ನಿಲ್ಲಿಸಬಹುದು ಎಂಬ ಬಾಗಿಲನ್ನು ಭಾರತದಲ್ಲಿ ಮೊದಲ ಸಲ ತೆರೆದರು. ಅರುಣಾ ಅವರಿಗೆ ಅನ್ವಯವಾಗದ ನಿಯಮ ಅರುಣಾ ಅವರ ಹೆಸರಿನಲ್ಲಿ ಬಂತು. ನ್ಯೂಯಾರ್ಕಿನ ಮೇರಿಯವರ ಕಥೆಯೇ ಮತ್ತೆ.

ಈ ಪ್ರಕರಣದಲ್ಲಿ ಯಾರು ಸರಿ? ಬಹಳ ವರ್ಷ ನಾನು ವಿರಾನಿಯವರ ಪಕ್ಷದಲ್ಲಿದ್ದೆ. ವಯಸ್ಸಾದಂತೆ ನರ್ಸುಗಳ ಕಡೆಗೂ ಮನಸ್ಸು ವಾಲಿದೆ. ಎರಡೂ ಕಡೆ ಪ್ರೀತಿಯೇ ಇತ್ತು. ನನ್ನನ್ನು ಕಾಡುವುದು ಇಷ್ಟೇ: ಅರುಣಾ ಏನು ಹೇಳುತ್ತಿದ್ದರು? ಅವರನ್ನು ಕೇಳುವ ದಾರಿ 1973ರ ಆ ಸಂಜೆಯೇ ಮುಚ್ಚಿಹೋಗಿತ್ತು. 25ರ ಪ್ರಾಯದ, ಮದುವೆಯ ಕನಸಿನಲ್ಲಿದ್ದ ಹುಡುಗಿಯನ್ನು ಅದಕ್ಕೆ ಮುಂಚೆ ಯಾರಾದರೂ ಕೇಳಿರುವುದುಂಟೇ? 2015ರ ಮೇ 18ರಂದು ನ್ಯುಮೋನಿಯಾದಿಂದ ಅವರು ತೀರಿಕೊಂಡರು. ಇನ್ನೊಂದು ಮಾತು. ಅರುಣಾ ಅವರ ಮೇಲೆ ದಾಳಿ ನಡೆದಾಗ ಮುಂಬಯಿಯ ನರ್ಸುಗಳು ತಮ್ಮ ಸುರಕ್ಷತೆಗಾಗಿ ಮುಷ್ಕರ ಹೂಡಿದ್ದರು. 2024ರ ಆಗಸ್ಟ್‌ನಲ್ಲಿ ಕೋಲ್ಕತ್ತದ ಯುವ ವೈದ್ಯೆಯ ಹತ್ಯೆಯ ವಿಚಾರಣೆಯಲ್ಲಿ ಸುಪ್ರೀಂ ಕೋರ್ಟ್ ಅರುಣಾ ಅವರ ಹೆಸರನ್ನು ಮತ್ತೆ ಎತ್ತಬೇಕಾಯಿತು. ರಾತ್ರಿ ಪಾಳಿಯ ನಂತರ ಬಾಗಿಲಿಗೆ ಚಿಲಕವಿರುವ ಒಂದು ಕೋಣೆ ಬೇಕು ಎಂದು ನೀವು ಕೇಳಿದರೆ ಅದು ಅತಿಯಾಸೆಯಲ್ಲ, ಹಕ್ಕು.

ಮುಂಚೆಯೇ ಕೇಳಿಡುವ ದಾರಿ 2018ರಲ್ಲಿ ತೆರೆಯಿತು. ಮಾರ್ಚ್ 9ರಂದು, ಕಾಮನ್ ಕಾಸ್ ಎಂಬ ಸ್ವಯಂಸೇವಾ ಸಂಸ್ಥೆ ಹೂಡಿದ ಪ್ರಕರಣದಲ್ಲಿ, ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ, ಘನತೆಯಿಂದ ಸಾಯುವುದೂ ಸಂವಿಧಾನದ 21ನೇ ವಿಧಿಯ ಬದುಕುವ ಹಕ್ಕಿನೊಳಗೇ ಇದೆ ಎಂದಿತು. ಗಟ್ಟಿಯಾಗಿರುವಾಗಲೇ, ಮುಂದೆ ಚೇತರಿಸಿಕೊಳ್ಳಲಾಗದ ಸ್ಥಿತಿ ಬಂದರೆ ಏನು ಮಾಡಬೇಕು, ಏನು ಮಾಡಬಾರದು ಎಂದು ಬರೆದಿಡಬಹುದು. ಇದನ್ನು ಜೀವಂತ ಉಯಿಲು ಎನ್ನುತ್ತಾರೆ. ಮುಂಗಡ ವೈದ್ಯಕೀಯ ನಿರ್ದೇಶನ ಎಂಬ ಹೆಸರೂ ಇದೆ. ಮೊದಲು ಅದಕ್ಕೆ ಮ್ಯಾಜಿಸ್ಟ್ರೇಟರ ಮೇಲುಸಹಿ ಬೇಕಿತ್ತು, ಹಾಗಾಗಿ ಮಾಡಿಸುವವರು ವಿರಳವಾಗಿದ್ದರು. 2023ರ ಜನವರಿ 24ರಂದು ಕೋರ್ಟ್ ತನ್ನ ನಿಯಮವನ್ನು ತಾನೇ ಸಡಿಲಿಸಿತು. ಈಗ ಇಬ್ಬರು ಸಾಕ್ಷಿಗಳು, ಜೊತೆಗೆ ನೋಟರಿ ಅಥವಾ ಗೆಜೆಟೆಡ್ ಅಧಿಕಾರಿ ಇದ್ದರೆ ಸಾಕು. ಅದು ಜಾರಿಗೆ ಬರಬೇಕಾದರೆ ಆಸ್ಪತ್ರೆಯಲ್ಲಿ ಒಂದಾದ ಮೇಲೊಂದರಂತೆ ಎರಡು ವೈದ್ಯ ಮಂಡಳಿಗಳು ಒಪ್ಪಬೇಕು. ಸಾಧ್ಯವಾದಷ್ಟೂ 48 ಗಂಟೆಗಳೊಳಗೆ ಅವು ಅಭಿಪ್ರಾಯ ಹೇಳಬೇಕು. 2025ರ ಜನವರಿ 30ರಂದು ನಮ್ಮ ಕರ್ನಾಟಕ ಸರ್ಕಾರದ ಆರೋಗ್ಯ ಇಲಾಖೆ ಇದನ್ನು ಜಾರಿಗೆ ತರುವ ಸುತ್ತೋಲೆ ಹೊರಡಿಸಿತು. ಇದು ಚುಚ್ಚುಮದ್ದು ಕೊಟ್ಟು ಸಾಯಿಸುವ ದಯಾಮರಣವಲ್ಲ. ಅದು ಇಂದಿಗೂ ಅಪರಾಧ. ದೇಹ ತಾನಾಗಿ ಹೊರಡಲು ಸಿದ್ಧವಾದಾಗ ವೆಂಟಿಲೇಟರ್ ಹಾಕಿ ಅದನ್ನು ಹಿಡಿದು ಎಳೆಯಬೇಡಿ ಎನ್ನುವುದಷ್ಟೇ. ನೋವು ತಗ್ಗಿಸುವ ಆರೈಕೆ ನಿಲ್ಲುವುದಿಲ್ಲ.

ಹಿರಿಯರು ಹಲವರು ನನ್ನನ್ನು ಆಗಲೇ ಕೇಳಿದಿರಿ: ಇದನ್ನೆಲ್ಲ ಮಾತನಾಡುವುದು ಅಪಶಕುನವಲ್ಲವೇ ಎಂದು. ನಾವು ಹೊಲದ ಬದುವಿಗೆ ಉಯಿಲು ಬರೆಯುತ್ತೇವೆ, ಒಡವೆಗೆ ಬರೆಯುತ್ತೇವೆ. ಮನೆಯಲ್ಲಿ ಈ ಮಾತು ಎತ್ತದಿದ್ದರೆ ಏನಾಗುತ್ತದೆಯೆಂದು ನಾನು ಐಸಿಯು ಬಾಗಿಲಲ್ಲಿ ನೋಡಿದ್ದೇನೆ. ಒಬ್ಬ ಮಗ 'ಇಷ್ಟು ಸಾಕು' ಎನ್ನುತ್ತಾನೆ. ದೂರದೂರಿನಿಂದ ಬಂದ ಇನ್ನೊಬ್ಬ 'ಅಪ್ಪನನ್ನು ಕೊಲ್ಲುತ್ತೀಯಾ' ಎನ್ನುತ್ತಾನೆ. ಅಣ್ಣತಮ್ಮಂದಿರ ಮಾತು ಅಲ್ಲಿಗೇ ನಿಂತುಹೋಗುತ್ತದೆ. ಅಪ್ಪ ಒಂದು ಹಾಳೆ ಬರೆದಿಟ್ಟಿದ್ದರೆ ಇಬ್ಬರಿಗೂ ಆ ಹೊರೆ ಇರುತ್ತಿರಲಿಲ್ಲ.

ಕಳೆದ ವರ್ಷ ಅಮ್ಮನಿಗಾಗಿ ನಾನೇ ಕನ್ನಡದಲ್ಲಿ ಒಂದು ಕರಡು ಬರೆದುಕೊಂಡು ಹೋದೆ. ಅವರು ಕನ್ನಡಕ ಹಾಕಿಕೊಂಡು, ಅಡುಗೆಮನೆಯ ಮೇಜಿನ ಮೇಲೆ ಹಾಳೆಗಳನ್ನು ಹರವಿ, ಹಳೆಯ ಅಭ್ಯಾಸದಂತೆ ಕೆಂಪು ಪೆನ್ನು ಹಿಡಿದು ಓದಿದರು. ಎರಡು ಕಾಗುಣಿತ ತಿದ್ದಿದರು. ಮೂರನೇ ಪುಟದಲ್ಲಿ ನಾನು 'ಅಂಥ ಸಂದರ್ಭದಲ್ಲಿ ಕುಟುಂಬದವರು ನಿರ್ಧರಿಸತಕ್ಕದ್ದು' ಎಂದು ಬರೆದಿದ್ದೆ. ಆ ಸಾಲಿನ ಮೇಲೆ ಗೆರೆ ಎಳೆದು, ಅಂಚಿನಲ್ಲಿ ದುಂಡಗಿನ ಅಕ್ಷರದಲ್ಲಿ ಬರೆದರು: 'ಅಂಥ ಸಂದರ್ಭದಲ್ಲಿ ಕುಟುಂಬದವರು ನಾನು ಬರೆದಂತೆ ನಡೆಯತಕ್ಕದ್ದು.' ಅವರ ಪರವಾಗಿ ಮಾತನಾಡುವವರ ಜಾಗದಲ್ಲಿ ಮೊದಲು ತಂಗಿಯ ಹೆಸರು ಬರೆಸಿದರು, ಎರಡನೆಯದು ನನ್ನದು. ಆಮೇಲೆ ತಂಗಿಗೆ ಫೋನ್ ಮಾಡಿ, 'ನಿನ್ನ ಹೆಸರು ಹಾಕಿದ್ದೇನೆ, ನಿನಗೆ ಒಪ್ಪಿಗೆಯೇ?' ಎಂದು ಕೇಳಿದರು. ಆ ಕಡೆಯಿಂದ ಉತ್ತರ ಬರುವವರೆಗೂ ಸಹಿ ಮಾಡಲಿಲ್ಲ.

ಅಮ್ಮ ತಿದ್ದಿದ ಆ ಮಾದರಿಯ ಪ್ರತಿಗಳನ್ನು ತಂದು ಬಾಗಿಲ ಬಳಿಯ ಮೇಜಿನ ಮೇಲೆ ಇಟ್ಟಿದ್ದೇನೆ. ಅಕ್ಷರ ದೊಡ್ಡದಾಗಿ ಹಾಕಿಸಿದ್ದೇನೆ. ಬೇಕಾದವರು ಒಂದೊಂದು ತೆಗೆದುಕೊಳ್ಳಿ. ಈಗ ನಿಮ್ಮ ಪ್ರಶ್ನೆಗಳನ್ನು ಕೇಳುತ್ತೇನೆ.